ಕ್ಯೋಟೋದ ಗೈಡ್ ಅಕ್ಕನಿಗೆ

ಕ್ಯೋಟೋದಲ್ಲಿ ನಮ್ಮನ್ನು ಒಂದು ದಿನ ಸುತ್ತಾಡಿಸಿದ ಗೈಡ್ ಅಕ್ಕ, ನಿಮಗೆ ಮನಸಾರೆ ಧನ್ಯವಾದ.

794ರಲ್ಲಿ ಜಪಾನಿನ ರಾಜಧಾನಿಯಾದ ಊರು ಅದು. ನೋಡೋಕೆ ಬೇಕಾದಷ್ಟಿತ್ತು. ಆದರೆ ಅಮ್ಮ ಮೀನು, ಮಾಂಸ ಮುಟ್ಟುವವರಲ್ಲ, ಅವರಿಗೆ ಊಟದ್ದೇ ಚಿಂತೆ. ಬರೀ ತರಕಾರಿ ಸೂಪಿನಂತೆ ಕಂಡರೂ ಅದರ ತಿಳಿಸಾರನ್ನು, ಅಂದರೆ ದಾಶಿಯನ್ನು, ಹೆಚ್ಚಾಗಿ ಒಣಮೀನಿನ ಚೂರು ಹಾಕಿ ಮಾಡುತ್ತಾರೆ ಅಂತ ನೀವೇ ಮೊದಲು ಎಚ್ಚರಿಸಿದಿರಿ. ನಿಶಿಕಿ ಮಾರ್ಕೆಟ್‌ನಲ್ಲಿ ಅಂಗಡಿ ಅಂಗಡಿಯಲ್ಲೂ ಕೇಳಿ, ಖಾತ್ರಿ ಮಾಡಿಕೊಂಡೇ ಕೊಡಿಸಿದಿರಿ. ಅಲ್ಲಿ ನಡೆಯುತ್ತಾ ತಿನ್ನಬಾರದು, ಕೊಂಡ ಅಂಗಡಿಯ ಮುಂದೆಯೇ ತಿಂದು ಮುಗಿಸಬೇಕು ಅಂತ ಹೇಳಿಕೊಟ್ಟವರೂ ನೀವೇ.

ಮಧ್ಯಾಹ್ನ ನಾನ್‌ಜೆನ್‌ಜಿ ದೇವಾಲಯದ ಹತ್ತಿರ ತಿಂದ ಯುದೋಫು! ಕೊಂಬು ಅನ್ನೋ ಕಡಲ ಪಾಚಿ ಹಾಕಿದ ಬಿಸಿನೀರಲ್ಲಿ ಮೆತ್ತಗಿನ ತೋಫು, ಅಷ್ಟೇ. ಅದ್ದಿಕೊಳ್ಳುವ ಸಾಸಿನಲ್ಲೂ ಮೀನು ಇರಬಹುದು ಅಂತ ನೀವು ಅಡುಗೆಮನೆಯವರೆಗೆ ಹೋಗಿ ವಿಚಾರಿಸಿ ಬಂದಿರಿ. ಅಷ್ಟು ಕಾಳಜಿ ನಮ್ಮ ನೆಂಟರೂ ತೋರಿಸಿರಲಿಲ್ಲ.

ಬೌದ್ಧ ಮಠಗಳ ಊಟದಲ್ಲಿ ಈರುಳ್ಳಿ, ಬೆಳ್ಳುಳ್ಳಿಯನ್ನೂ ಬಳಸಲ್ಲ ಅಂದಾಗ ಅಮ್ಮನ ಮುಖ ಅರಳಿತು. "ನಮ್ಮ ಮಠದ ಊಟದ ಹಾಗೇ ಅಲ್ವಾ?" ಅಂದರು.

ಈಗಲೂ ಅವರು ಎಲೆ ಮುಂದೆ ಕೂತಾಗ, ನೀವು ಕಲಿಸಿದ ಹಾಗೆ ಕೈಮುಗಿದು, ಊಟಕ್ಕೆ ಮುಂಚೆ ಜಪಾನಿನವರು ಕೃತಜ್ಞತೆಯಿಂದ ಹೇಳುವ ಮಾತನ್ನು, "ಇತದಾಕಿಮಾಸು" ಅಂತ ಮೆಲ್ಲಗೆ ಅನ್ನುತ್ತಾರೆ.