ಎಮ್ಮೆ ಮಾರುವ ಮೊದಲು

ಆಶ್‌ಬರ್ಟನ್, ನ್ಯೂಜಿಲೆಂಡ್

ಪ್ರೀತಿಯ ಅಪ್ಪ, ಅವ್ವನಿಗೆ ನಿಮ್ಮ ಮಗಳ ನಮಸ್ಕಾರಗಳು.

ನಾನು ಇಲ್ಲಿ ಆರಾಮಾಗಿದ್ದೇನೆ. ಶಿಗ್ಗಾಂವಿ ಕಡೆ ಮಳೆ ಚೆನ್ನಾಗಿದೆ ಅಂತ ಕೇಳಿ ಸಮಾಧಾನ ಆಯಿತು. ಆದರೆ ಅಣ್ಣ ಫೋನಿನಲ್ಲಿ ಹೇಳಿದ್ದು ತಲೆಯಲ್ಲೇ ಕೂತಿದೆ. ಎರಡೂ ಎಮ್ಮೆ ಮಾರಿ, ಮೇಲೆ ಸಾಲ ಮಾಡಿ ಆರು ಎಚ್‌ಎಫ್, ಅಂದರೆ ಕಪ್ಪು-ಬಿಳುಪಿನ ಹೋಲ್‌ಸ್ಟೀನ್ ಫ್ರೀಸಿಯನ್ ಸೀಮೆ ಆಕಳು ತರುತ್ತಾನಂತೆ. ಫೋನಿನಲ್ಲಿ ಮಾತಾಡಿದರೆ ಜಗಳ ಆಗುತ್ತದೆ, ಅದಕ್ಕೇ ಬರೆಯುತ್ತಿದ್ದೇನೆ. ಅಪ್ಪ, ಅವನನ್ನೂ ಪಕ್ಕ ಕೂರಿಸಿಕೊಂಡು ಓದಿ.

ಇಲ್ಲಿ ಈಗ ಆಕಳು ಈಯುವ ಕಾಲ. ಜುಲೈ ಕೊನೆ ಬಂತೆಂದರೆ ದೇಶದ ಆಕಳೆಲ್ಲ ಹೆಚ್ಚುಕಡಿಮೆ ಒಟ್ಟಿಗೇ ಈಯಲು ಶುರು. ಹುಲ್ಲು ಚಿಗುರುವ ಹೊತ್ತಿಗೆ ಹಾಲೂ ಇಳಿಯಲಿ ಅಂತ ಹಾಗೆ ಗಬ್ಬ ಕಟ್ಟಿಸಿರುತ್ತಾರೆ. ಅಕ್ಟೋಬರ್‌ನಲ್ಲಿ ಹಾಲು ಎಲ್ಲಕ್ಕಿಂತ ಜಾಸ್ತಿ. ಮೇ ತಿಂಗಳಲ್ಲಿ ಹಿಂಡುವುದನ್ನೇ ನಿಲ್ಲಿಸುತ್ತಾರೆ. ನಾನು ಕೆಲಸ ಮಾಡುವ ಫಾರಂನಲ್ಲಿ ಹಾಲು ಹಿಂಡುವ ಶೆಡ್ಡಿನ ನೆಲ ಬೀಸುವ ಕಲ್ಲಿನ ಹಾಗೆ ನಿಧಾನಕ್ಕೆ ತಿರುಗುತ್ತದೆ. ಆಕಳು ತಾನಾಗಿ ಹತ್ತಿ ನಿಲ್ಲುತ್ತದೆ, ನಾನು ಹಿಂದೆ ನಿಂತು ಮಷಿನ್ ಹಚ್ಚುತ್ತೇನೆ, ಒಂದು ಸುತ್ತು ಬರುವಷ್ಟರಲ್ಲಿ ಹಾಲು ಮುಗಿದಿರುತ್ತದೆ. ಹೀಗೆ ಎಂಟು ನೂರು ಆಕಳು. ಮೊನ್ನೆ ನಸುಕಿನಲ್ಲಿ ಚೊಚ್ಚಲು ಈದ ಕಡಸೊಂದು ನಡುಗುತ್ತಾ ಕಾಲು ಝಾಡಿಸುತ್ತಿತ್ತು. ಅವ್ವ, ನೀನು ಮಾಡುವ ಹಾಗೆ ತೊಡೆಗೆ ಅಂಗೈ ಒತ್ತಿ, ಕೆಚ್ಚಲು ನೀವಿ, "ಹೋ, ಹೋ" ಅಂದೆ. ಸುಮ್ಮನೆ ನಿಂತು ತೊರೆ ಬಿಟ್ಟಿತು. ನಿನ್ನ ನೆನಪಾಗಿ ಕಣ್ಣು ತುಂಬಿ ಬಂತು.

ಈಗ ಅಣ್ಣನಿಗೆ. ಈ ದೇಶ ಮೊದಲು ಕುರಿಯ ದೇಶ. 1982ರಲ್ಲಿ 7 ಕೋಟಿ ಕುರಿ ಇದ್ದವು, ಈಗ ಎರಡೂವರೆ ಕೋಟಿಯೂ ಇಲ್ಲ. ಕುರಿ ಹೋದ ಕಡೆಯೆಲ್ಲ ಆಕಳು ಬಂದವು. 1990ರ ಹೊತ್ತಿಗೆ ಸುಮಾರು 24 ಲಕ್ಷ ಇದ್ದ ಹೈನದ ಆಕಳು 2014-15ಕ್ಕೆ 50 ಲಕ್ಷ ಆದವು. ಅಲ್ಲಿಗೆ ನಿಂತಿತು ನೋಡು. ಆಮೇಲೆ ಕಡಿಮೆಯಾಗುತ್ತಾ 2023-24ಕ್ಕೆ ಸುಮಾರು 47 ಲಕ್ಷಕ್ಕೆ ಇಳಿದಿವೆ. ಆದರೆ ಹಾಲು ಅಷ್ಟೇನೂ ಇಳಿದಿಲ್ಲ, ವರ್ಷಕ್ಕೆ 2,000 ಕೋಟಿ ಲೀಟರ್ ಮೇಲೇ ಇದೆ. ಹಾಲಿನಲ್ಲಿರುವ ಕೊಬ್ಬು, ಪ್ರೋಟೀನ್ ಲೆಕ್ಕ ಹಾಕಿದರೆ ಹೆಚ್ಚುಕಡಿಮೆ ಆಗ ಎಷ್ಟೋ ಈಗಲೂ ಅಷ್ಟೇ. ಇರುವ ಆಕಳನ್ನೇ ಚೆನ್ನಾಗಿ ನೋಡಿಕೊಂಡು, ಒಳ್ಳೆಯದನ್ನು ಉಳಿಸಿಕೊಂಡು ಇದನ್ನು ಸಾಧಿಸಿದ್ದಾರೆ.

ಇಲ್ಲಿ ರೈತರಿಗೆ ದುಡ್ಡು ಕೊಡುವುದೂ ಲೀಟರಿಗಲ್ಲ, ಆ ಕೊಬ್ಬು ಮತ್ತು ಪ್ರೋಟೀನಿನ ಕೆಜಿಗೆ. ಅದಕ್ಕೇ ಬರೀ ಎಚ್‌ಎಫ್ ಸಾಕುವವರಿಗಿಂತ, ಹಾಲು ಗಟ್ಟಿಯಿರುವ ಜರ್ಸಿ ಜೊತೆ ಬೆರೆಸಿದ ತಳಿ ಸಾಕುವವರೇ ಜಾಸ್ತಿ. ನಮ್ಮೂರ ಡೇರಿಯಲ್ಲೂ ಫ್ಯಾಟ್ ನೋಡಿಯೇ ರೇಟು ಅಲ್ವಾ? ಅವ್ವನ ಎಮ್ಮೆ ಹಾಲಿಗೆ ನೂರಕ್ಕೆ 7 ಫ್ಯಾಟ್ ಬರುತ್ತದೆ, ಎಚ್‌ಎಫ್ ಹಾಲಿಗೆ ಮೂರೂವರೆ ಬಂದರೆ ದೊಡ್ಡದು. ಧಾರವಾಡ ಪೇಡಾದ ರುಚಿಯೂ ಈ ಎಮ್ಮೆ ಹಾಲಿನದೇ. ಧಾರವಾಡಿ ಎಮ್ಮೆ ಬೇರೆಯೇ ತಳಿ ಅಂತ 2021ರಲ್ಲಿ ಮಾನ್ಯತೆಯೂ ಸಿಕ್ಕಿತು.

ನೀರಿನ ಮಾತೂ ಇದೆ. ಆಕಳು ಜಾಸ್ತಿಯಾದ ಮೇಲೆ ಅವುಗಳ ಗಂಜಲ ಮಣ್ಣಿಗಿಳಿದು, ಇಲ್ಲಿನ ಎಷ್ಟೋ ಬಾವಿಗಳ ನೀರಿನಲ್ಲಿ ನೈಟ್ರೇಟ್ ಅನ್ನುವ ಸಾರಜನಕದ ಅಂಶ ಏರಿದೆ. 2021ರಿಂದ ಮೇವಿನ ಹೊಲಕ್ಕೆ ಹೆಕ್ಟೇರಿಗೆ ವರ್ಷಕ್ಕೆ 190 ಕೆಜಿಗಿಂತ ಜಾಸ್ತಿ ರಾಸಾಯನಿಕ ಗೊಬ್ಬರದ ಸಾರಜನಕ ಹಾಕುವ ಹಾಗಿಲ್ಲ. ನಮ್ಮ ಚಿಂತೆ ಬೇರೆ. ಹಾಲು ಹಿಂಡುವ ಎಚ್‌ಎಫ್‌ಗೆ ದಿನಕ್ಕೆ 70 ಲೀಟರಿಗೂ ಜಾಸ್ತಿ ನೀರು ಬೇಕು. ಆರು ಆಕಳಿಗೆ ಏಪ್ರಿಲ್‌ನಲ್ಲಿ ನಮ್ಮ ಬೋರು ಅಷ್ಟು ಕೊಡುತ್ತದಾ ಅಣ್ಣ? ಆ ಬಿಸಿಲಿಗೆ ಅವು ಏದುಸಿರು ಬಿಡುವುದನ್ನು ನೀನೇ ಕಂಡಿದ್ದೀಯಲ್ಲ.

ಎಮ್ಮೆ ಮಾರಬೇಡ. ಬೇಕಾದರೆ ಒಂದೇ ಒಂದು ಜರ್ಸಿ ಕ್ರಾಸ್ ತಾ, ಅರ್ಧ ದುಡ್ಡು ನಾನು ಕಳಿಸುತ್ತೇನೆ. ಅದಕ್ಕೂ ಮೊದಲು ಬಣವೆಯಲ್ಲಿ ಎಷ್ಟು ಕಣಕಿ ಉಳಿದಿದೆ ನೋಡಿ ಹೇಳು.

ಅವ್ವ, ಸಣ್ಣ ಎಮ್ಮೆ ಈದರೆ ಗಿಣ್ಣ ಮಾಡಿದ ದಿನ ವಿಡಿಯೋ ಕಾಲ್ ಮಾಡು. ಕರು ನೋಡಬೇಕು.

ನಿಮ್ಮ ಮಗಳು