ಏಪ್ರಿಲ್‌ನಿಂದ ನಿಮ್ಮ ಮನೆ ಸಾಲದ ಕಂತು ಯಾಕೆ ಏರುತ್ತಿದೆ: ಸದಸ್ಯರಿಗೊಂದು ಪತ್ರ

ಪ್ರಿಯ ಸದಸ್ಯರೇ,

ನೇರವಾಗಿ ಹೇಳುತ್ತೇವೆ. 2026ರ ಏಪ್ರಿಲ್ 1ರಿಂದ ನಮ್ಮ ಸೌಹಾರ್ದ ಸಹಕಾರಿಯಲ್ಲಿ ಮನೆ ಸಾಲ ಇರುವ ಹೆಚ್ಚಿನವರ ತಿಂಗಳ ಕಂತು ಏರುತ್ತದೆ. ಬಡ್ಡಿ ದರ ಏರಿಲ್ಲ, ಈಗಿರುವ ಶೇ 10ರಲ್ಲೇ ಇದೆ. ಏರುವುದು ಕಂತು ಮಾತ್ರ. ದರ ಬದಲಾದಾಗ ಕಂತನ್ನು ಹಾಗೇ ಬಿಟ್ಟು ತಿಂಗಳುಗಳನ್ನು ಉದ್ದ ಮಾಡುವ ಪದ್ಧತಿಯನ್ನು ನಿಲ್ಲಿಸಿದ್ದೇವೆ. ಸಾಲ ತೆಗೆದುಕೊಂಡ ದಿನ ಯಾವ ತಿಂಗಳಿಗೆ ಚುಕ್ತಾ ಆಗಬೇಕು ಎಂದು ಬರೆದಿತ್ತೋ ಆ ತಿಂಗಳಿಗೇ ಚುಕ್ತಾ ಆಗುವ ಹಾಗೆ ನಿಮ್ಮ ಕಂತನ್ನು ಹೊಸದಾಗಿ ಲೆಕ್ಕ ಹಾಕಿದ್ದೇವೆ.

ಎಲೆಚುಕ್ಕಿ ರೋಗದಿಂದ ಅಡಿಕೆ ಫಸಲು ಕೈಕೊಟ್ಟಿರುವ ಮನೆಗಳಿಗೆ ಇದು ಹಿಡಿಸುವ ಸುದ್ದಿ ಅಲ್ಲ ಅಂತ ನಮಗೆ ಗೊತ್ತು. ತೊಂದರೆ ಆಗುವವರ ಕ್ಷಮೆ ಕೇಳುತ್ತೇವೆ. ಆದರೆ ಈ ನಿರ್ಧಾರದಿಂದ ಹಿಂದೆ ಸರಿಯುವುದಿಲ್ಲ. ಯಾಕೆ ಅನ್ನುವುದನ್ನು ಒಬ್ಬ ಸದಸ್ಯರ ಲೆಡ್ಜರ್ ಹಾಳೆ ಇಟ್ಟುಕೊಂಡೇ ಹೇಳುತ್ತೇವೆ. ಹೆಸರು ಹೇಳುವುದಿಲ್ಲ, ಅವರ ಒಪ್ಪಿಗೆ ಪಡೆದಿದ್ದೇವೆ.

ಸಾಲ 20 ಲಕ್ಷ. ತೆಗೆದುಕೊಂಡದ್ದು 2021ರ ಏಪ್ರಿಲ್. ದರ ಆಗ ಶೇ 9, ಅವಧಿ 20 ವರ್ಷ, ಕಂತು 17,995 ರೂಪಾಯಿ. ಒಂದು ವರ್ಷ ಕಳೆಯಿತು. 2022ರ ಮೇ ತಿಂಗಳಲ್ಲಿ ಶೇ 4 ಇದ್ದ ರೆಪೊ ದರವನ್ನು, ಅಂದರೆ ತಾನು ಬ್ಯಾಂಕುಗಳಿಗೆ ಸಾಲ ಕೊಡುವ ದರವನ್ನು, ರಿಸರ್ವ್ ಬ್ಯಾಂಕ್ ಏರಿಸಲು ಶುರು ಮಾಡಿ 2023ರ ಫೆಬ್ರವರಿ ಹೊತ್ತಿಗೆ ಶೇ 6.50ಕ್ಕೆ ತಂದು ನಿಲ್ಲಿಸಿದ್ದು ನಿಮಗೆ ನೆನಪಿರಬಹುದು. ಎಲ್ಲ ಕಡೆ ಠೇವಣಿ ದುಬಾರಿ ಆಗುತ್ತಿದ್ದ ಆ ವರ್ಷವೇ ನಾವೂ ಮನೆ ಸಾಲದ ದರವನ್ನು 9ರಿಂದ 10 ಮಾಡಿದೆವು. ಆಗ ಮಹಾಸಭೆಯಲ್ಲಿ ಕೈ ಎತ್ತಿ ಕೇಳಿದವರು ನೀವೇ: ಕಂತು ಮಾತ್ರ ಏರಿಸಬೇಡಿ, ಬೇಕಾದರೆ ಇನ್ನೊಂದಷ್ಟು ತಿಂಗಳು ಕಟ್ಟುತ್ತೇವೆ. ಸಭೆ ಒಪ್ಪಿತು, ಹಾಗೇ ನಡೆಯಿತು.

"ಇನ್ನೊಂದಷ್ಟು ತಿಂಗಳು" ಎಂದರೆ ಎಷ್ಟು ಅನ್ನುವುದು ಈಗ ಹಾಳೆಯಲ್ಲಿ ಕಾಣುತ್ತಿದೆ. ಈ ಮಾರ್ಚ್‌ಗೆ ಅವರು 60 ಕಂತು ಕಟ್ಟಿದಂತಾಯಿತು. ಒಟ್ಟು 10.80 ಲಕ್ಷ. ಬಾಕಿ ಅಸಲು 18.66 ಲಕ್ಷ. ಅಂದರೆ ಐದು ವರ್ಷದಲ್ಲಿ ಅಸಲು ಇಳಿದದ್ದು ಬರೀ 1.34 ಲಕ್ಷ. ಇದೇ ಕಂತಿನಲ್ಲಿ ಮುಂದುವರಿದರೆ ಇನ್ನೂ 240 ತಿಂಗಳು ಬೇಕು. ಐದು ವರ್ಷ ಒಂದು ತಿಂಗಳೂ ತಪ್ಪಿಸದೆ ಕಟ್ಟಿದ ಮನುಷ್ಯನ ಮುಂದೆ ಮತ್ತೆ ಪೂರ್ತಿ 20 ವರ್ಷ ನಿಂತಿದೆ. ಅವರಿಗೀಗ 47 ವರ್ಷ. ಮಗಳ ಮದುವೆ, ನಿವೃತ್ತಿ ಎಲ್ಲ ಮುಗಿದ ಮೇಲೂ ಕಂತು ಕಟ್ಟುತ್ತಲೇ ಇರಬೇಕು.

ಏಪ್ರಿಲ್‌ನಿಂದ ಅವರ ಕಂತು 20,055 ರೂಪಾಯಿ. ತಿಂಗಳಿಗೆ 2,060 ಜಾಸ್ತಿ. ಆದರೆ ಸಾಲ 2041ರಲ್ಲೇ, ಮೊದಲು ಬರೆದ ತಾರೀಕಿಗೇ ಮುಗಿಯುತ್ತದೆ. ಹಳೇ ಕಂತಿನಲ್ಲೇ ಬಿಟ್ಟಿದ್ದರೆ ಅವರು ಇನ್ನು ಮುಂದೆ ಕಟ್ಟಬೇಕಾಗಿದ್ದದ್ದು 43 ಲಕ್ಷಕ್ಕೂ ಜಾಸ್ತಿ. ಈಗ 36 ಲಕ್ಷ ಚಿಲ್ಲರೆ. 7 ಲಕ್ಷದ ಮೇಲೆ ಅವರ ಮನೆಯಲ್ಲೇ ಉಳಿಯುತ್ತದೆ. ಸಹಕಾರಿಗೆ ಇದರಿಂದ ಬರುವ ಬಡ್ಡಿ ಕಡಿಮೆ ಆಗುತ್ತದೆ, ಜಾಸ್ತಿ ಅಲ್ಲ. "ದುಡ್ಡು ಮಾಡಲು ಕಂತು ಏರಿಸಿದ್ದಾರೆ" ಎಂದು ಪೇಟೆಯಲ್ಲಿ ಮಾತಾಡುವವರು ದಯವಿಟ್ಟು ಈ ಒಂದು ಲೆಕ್ಕ ನೋಡಬೇಕು.

ಇನ್ನು ಕೌಂಟರಿನಲ್ಲಿ ದಿನಾ ಕೇಳುವ ದೂರಿಗೆ ಬರುತ್ತೇವೆ. "ಇಷ್ಟು ವರ್ಷ ಕಟ್ಟಿದರೂ ಅಸಲು ಕರಗಿಲ್ಲ, ನೀವು ಮೊದಲು ಬಡ್ಡಿ ಮುರಿದುಕೊಂಡು ಆಮೇಲೆ ಅಸಲಿಗೆ ಹಾಕುತ್ತೀರಿ." ತಾಳಗುಪ್ಪ ಕಡೆಯಿಂದ ಬಂದವರೂ ಇದನ್ನೇ ಹೇಳುತ್ತಾರೆ, ಪೇಟೆಯಲ್ಲಿರುವ ಮೇಷ್ಟರೂ ಇದನ್ನೇ ಹೇಳುತ್ತಾರೆ. ನಮ್ಮ ಹುಡುಗಿಯರು ಕೌಂಟರಿನಲ್ಲಿ ಕೂತು ಬೈಸಿಕೊಳ್ಳುತ್ತಾರೆ. ಅದು ಅನ್ಯಾಯ.

20 ವರ್ಷದ ಬಡ್ಡಿಯನ್ನು ಮೊದಲೇ ಎಣಿಸಿ ಮುಂಗಡವಾಗಿ ಯಾರೂ ಹಿಡಿದುಕೊಳ್ಳುವುದಿಲ್ಲ. ಆ ತಿಂಗಳು ಎಷ್ಟು ಅಸಲು ಬಾಕಿ ಇದೆಯೋ ಅಷ್ಟಕ್ಕೆ ಒಂದು ತಿಂಗಳ ಬಡ್ಡಿ, ಅಷ್ಟೇ. ಅದೇ ಹಾಳೆ ನೋಡಿ. ಮೊದಲ ತಿಂಗಳು ಬಾಕಿ 20 ಲಕ್ಷ, ಶೇ 9ರಂತೆ ಒಂದು ತಿಂಗಳ ಬಡ್ಡಿ 15,000. ಕಟ್ಟಿದ್ದು 17,995. ಉಳಿದ 2,995 ಅಸಲಿಗೆ ಹೋಯಿತು. ದರ 10 ಆದ ತಿಂಗಳು ಬಾಕಿ ಇದ್ದದ್ದು 19,62,546. ಅದಕ್ಕೆ ಬಡ್ಡಿ 16,355. ಕಂತು ಅದೇ 17,995. ಅಸಲಿಗೆ ಹೋದದ್ದು 1,640 ಮಾತ್ರ. ದರ ಏರಿದ್ದು ಒಂದೇ ಒಂದು ಪರ್ಸೆಂಟ್, ಆದರೆ ಅಸಲಿಗೆ ಹೋಗುವ ದುಡ್ಡು ಹೆಚ್ಚುಕಡಿಮೆ ಅರ್ಧ ಆಯಿತು. ಬಡ್ಡಿ ತನ್ನ ಪಾಲು ತೆಗೆದುಕೊಂಡೇ ತೆಗೆದುಕೊಳ್ಳುತ್ತದೆ, ಕಂತು ಏರದಿದ್ದರೆ ಪೆಟ್ಟು ಬೀಳುವುದು ಅಸಲಿಗೆ. ಇದು ನಮ್ಮಲ್ಲಿ ಮಾತ್ರ ಅಲ್ಲ, ದೇಶದ ಯಾವ ಬ್ಯಾಂಕಿನಲ್ಲೂ ಲೆಕ್ಕ ಹೀಗೇ. ದರ ಬದಲಾಗದೇ ಇದ್ದರೂ 20 ಲಕ್ಷಕ್ಕೆ ಶೇ 10ರಂತೆ 20 ವರ್ಷದ ಸಾಲ ಮಾಡಿದರೆ ಅಸಲು ಅರ್ಧಕ್ಕೆ ಇಳಿಯುವುದು 14 ವರ್ಷ ದಾಟಿದ ಮೇಲೆ. ಏಳನೇ ವರ್ಷ "ಅರ್ಧ ಮುಗಿದಿರಬೇಕು" ಅಂದುಕೊಂಡು ಪಾಸ್‌ಬುಕ್ ತೆಗೆದುಕೊಂಡು ಬರುವವರಿಗೆ ಇದು ದೊಡ್ಡ ಪೆಟ್ಟು. ಅವರ ಸಿಟ್ಟು ನಮಗೆ ಅರ್ಥ ಆಗುತ್ತದೆ. ಆದರೆ ಮೋಸ ನಡೆದಿಲ್ಲ.

ನಿಮಗಿಂತ ಕಷ್ಟದಲ್ಲಿ ಸಿಕ್ಕಿಕೊಂಡವರು ಬೆಂಗಳೂರಿನಲ್ಲಿ ಫ್ಲ್ಯಾಟ್ ತೆಗೆದುಕೊಂಡ ನಿಮ್ಮ ಮಕ್ಕಳು. 2021ರ ಸುಮಾರಿಗೆ ಶೇ 7ಕ್ಕೆ 30 ಲಕ್ಷ, 20 ವರ್ಷಕ್ಕೆ ಸಾಲ ಮಾಡಿದ್ದರೆ ಕಂತು 23,259. ಒಂದು ವರ್ಷ ಕಟ್ಟಿದ ಮೇಲೆ ದರ 9.5 ಆಗಿ, ಕಂತು ಹಾಗೇ ಉಳಿಯಿತು ಎಂದುಕೊಳ್ಳಿ. ಆ ತಿಂಗಳ ಬಡ್ಡಿಯೇ 23,185. ಅಸಲಿಗೆ ಹೋಗುವುದು 74 ರೂಪಾಯಿ. ಆ ಲೆಕ್ಕದಲ್ಲಿ ಸಾಲ ಮುಗಿಯಲು ಇನ್ನೂ 60 ವರ್ಷ ಬೇಕು. ಇಂಥದ್ದು ಆಗಬಾರದು ಅಂತಲೇ 2023ರ ಆಗಸ್ಟ್ 18ರಂದು ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೂ ಹಣಕಾಸು ಕಂಪನಿಗಳಿಗೂ ಸುತ್ತೋಲೆ ಹೊರಡಿಸಿತು. ದರ ಬದಲಾದಾಗ ಕಂತು ಏರಿಸಬೇಕೋ, ಅವಧಿ ಉದ್ದ ಮಾಡಬೇಕೋ, ಎರಡೂ ಸೇರಿಸಬೇಕೋ ಎಂದು ಸಾಲಗಾರನಿಗೇ ಕೇಳಬೇಕು ಎಂದು ಅದರಲ್ಲಿದೆ. ನಾವು ಸೌಹಾರ್ದ ಕಾಯ್ದೆಯ ಕೆಳಗೆ ಬರುವವರು, ಆ ಸುತ್ತೋಲೆ ನಮಗೆ ಅನ್ವಯಿಸುವುದಿಲ್ಲ. ಆದರೂ ಪಾಲಿಸಲು ಹೊರಟಿದ್ದೇವೆ. ಮಕ್ಕಳಿಗೂ ಹೇಳಿ, ಅವರ ಸಾಲದ ಬಾಕಿ ತಿಂಗಳು ಎಷ್ಟಿದೆ ಅಂತ ಒಮ್ಮೆ ಬ್ಯಾಂಕಿನ ಆ್ಯಪ್‌ನಲ್ಲಿ ನೋಡಿಕೊಳ್ಳಲಿ.

"ರಿಸರ್ವ್ ಬ್ಯಾಂಕ್ ಬಡ್ಡಿ ಇಳಿಸಿದೆ, ನೀವು ಯಾಕೆ ಇಳಿಸಿಲ್ಲ?" ಇದೂ ಸರಿಯಾದ ಪ್ರಶ್ನೆಯೇ. 2025ರಲ್ಲಿ ರೆಪೊ ದರ 6.50ರಿಂದ 5.25ಕ್ಕೆ ಬಂತು, ನಿಜ. ಆದರೆ ನಮಗೆ ರಿಸರ್ವ್ ಬ್ಯಾಂಕ್ ದುಡ್ಡು ಕೊಡುವುದಿಲ್ಲ. ನಾವು ಸಾಲ ಕೊಡುವುದು ನಿಮ್ಮದೇ ಠೇವಣಿಯಿಂದ. ಎರಡು ಮೂರು ವರ್ಷದ ಹಿಂದೆ ನಿಮ್ಮ ಅಮ್ಮ, ಅತ್ತೆ, ಪಕ್ಕದ ಮನೆಯ ನಿವೃತ್ತ ಮೇಷ್ಟರು ಶೇ 8.5ಕ್ಕೆ ಇಟ್ಟ ಠೇವಣಿಗೆ ಅವಧಿ ಮುಗಿಯುವವರೆಗೆ ನಾವು 8.5 ಕೊಡಲೇಬೇಕು. ಮಧ್ಯದಲ್ಲಿ ಇಳಿಸುತ್ತೇವೆ ಎಂದರೆ ಅವರು ಸುಮ್ನಿರುತ್ತಾರಾ? ಉಳಿಯುವ ಒಂದೂವರೆ ಪರ್ಸೆಂಟಿನಲ್ಲಿ ಸಂಬಳ, ಬಾಡಿಗೆ, ಆಡಿಟ್, ವಸೂಲಾಗದ ಸಾಲಕ್ಕೆ ಎತ್ತಿಡುವ ದುಡ್ಡು ಎಲ್ಲ ಆಗಬೇಕು. ಈ ವರ್ಷ ಹಳೇ ಠೇವಣಿಗಳ ಅವಧಿ ಮುಗಿಯುತ್ತಾ ಬರುತ್ತದೆ. ದರ ಇಳಿಸುವ ವಿಷಯ ಸೆಪ್ಟೆಂಬರ್ ಸಭೆಯ ಮುಂದೆ ಬರುತ್ತದೆ. ಇಳಿದಾಗ ನಿಮ್ಮ ಕಂತನ್ನು ನಾವಾಗಿ ಇಳಿಸುವುದಿಲ್ಲ. ಕಂತು ಇಳಿಯಬೇಕೋ ತಿಂಗಳು ಇಳಿಯಬೇಕೋ ಎಂದು ಬರೆದು ಕೇಳುತ್ತೇವೆ. ತಿಂಗಳು ಇಳಿಸಿಕೊಳ್ಳಿ ಅನ್ನುವುದು ನಮ್ಮ ಸಲಹೆ.

ನಮ್ಮ ತಲೆಗೆ ಕಟ್ಟುವ ಇನ್ನೊಂದು ವಿಷಯ ಸಾಲದ ಶುರುವಿನ ಖರ್ಚು. ಮನೆಯ ಪತ್ರ ಅಡಮಾನ ಇಡುವಾಗಿನ ಮುದ್ರಾಂಕ ಶುಲ್ಕ ಸರ್ಕಾರಕ್ಕೆ ಹೋಗುತ್ತದೆ. ಪ್ರೊಸೆಸಿಂಗ್ ಶುಲ್ಕದ ಮೇಲಿನ ಶೇ 18 ಜಿಎಸ್‌ಟಿ ಸರ್ಕಾರಕ್ಕೆ ಹೋಗುತ್ತದೆ. ಇಸಿ (ಆಸ್ತಿಯ ಮೇಲಿನ ಋಣಭಾರ ತೋರಿಸುವ ಪತ್ರ) ತೆಗೆಸುವ ಖರ್ಚು, ವಕೀಲರ ಅಭಿಪ್ರಾಯ, ಎಂಜಿನಿಯರ್ ಬಂದು ಮನೆ ನೋಡಿ ಬೆಲೆ ಕಟ್ಟುವ ಫೀಸು, ಇವುಗಳಲ್ಲಿ ಒಂದು ರೂಪಾಯಿಯೂ ನಮ್ಮ ಪೆಟ್ಟಿಗೆಗೆ ಬೀಳುವುದಿಲ್ಲ. 2025ರ ಆಗಸ್ಟ್ 31ರಿಂದ ರಾಜ್ಯದಲ್ಲಿ ನೋಂದಣಿ ಶುಲ್ಕ ಶೇ 1ರಿಂದ 2 ಆಯಿತು. 40 ಲಕ್ಷದ ಮನೆಗೆ 40 ಸಾವಿರ ಹೆಚ್ಚು. ಅದಕ್ಕೂ "ಸೊಸೈಟಿಯವರು ಹೊಸ ಚಾರ್ಜ್ ಹಾಕಿದ್ದಾರೆ" ಎಂದವರಿದ್ದಾರೆ. ಇನ್ನು ಮುಂದೆ ಪ್ರತಿ ಖರ್ಚಿಗೂ ಬೇರೆ ಬೇರೆ ರಸೀದಿ ಕೊಡುತ್ತೇವೆ. ಯಾರಿಗೆ ಎಷ್ಟು ಹೋಯಿತು ಅಂತ ನೀವೇ ನೋಡಿಕೊಳ್ಳಿ.

ಸಾಲದ ವಿಮೆಯ ಪ್ರೀಮಿಯಂ ಅನ್ನು ಸಾಲಕ್ಕೇ ಸೇರಿಸುವುದನ್ನೂ ನಿಲ್ಲಿಸುತ್ತಿದ್ದೇವೆ. 60 ಸಾವಿರದ ಪ್ರೀಮಿಯಂ ಸಾಲದೊಳಗೆ ಸೇರಿದರೆ 20 ವರ್ಷದಲ್ಲಿ ಅದು 1.39 ಲಕ್ಷ ಆಗುತ್ತದೆ. ವಿಮೆ ಬೇಡ ಅಂತ ನಾವು ಹೇಳುತ್ತಿಲ್ಲ, ಖಂಡಿತ ಬೇಕು. ಆದರೆ ಸಾಲದ ದುಡ್ಡಿನಲ್ಲಿ ಬೇಡ. ವರ್ಷ ವರ್ಷ ಕಟ್ಟುವ ಸಾದಾ ಟರ್ಮ್ ಪಾಲಿಸಿ ಮಾಡಿಸಿಕೊಳ್ಳಿ.

ಹೊಸ ಸಾಲಕ್ಕೆ ಇನ್ನು 15 ವರ್ಷವೇ ಗರಿಷ್ಠ ಅವಧಿ. ಇದಕ್ಕೂ ಬೇಜಾರು ಮಾಡಿಕೊಂಡವರಿದ್ದಾರೆ, ಬೇರೆ ಕಡೆ 8.5ಕ್ಕೆ 30 ವರ್ಷ ಕೊಡುತ್ತಾರೆ ಅಂತ. 20 ಲಕ್ಷಕ್ಕೆ ಅಲ್ಲಿ ಕಂತು 15,378, ನಮ್ಮಲ್ಲಿ 15 ವರ್ಷಕ್ಕೆ 21,492. ಕಂತು ನೋಡಿದರೆ ಅವರೇ ವಾಸಿ. ಕೊನೆಯವರೆಗೆ ಕಟ್ಟುವ ಬಡ್ಡಿ ನೋಡಿ: ಅಲ್ಲಿ 35 ಲಕ್ಷದ ಮೇಲೆ, ಇಲ್ಲಿ 18.7 ಲಕ್ಷ. ದರ ಕಡಿಮೆ ಇದ್ದೂ ಬಡ್ಡಿ ಹೆಚ್ಚುಕಡಿಮೆ ಎರಡು ಪಟ್ಟು. ಆದರೆ ಇದನ್ನೂ ಹೇಳಬೇಕು. ಅದೇ 15 ವರ್ಷಕ್ಕೆ ನಿಮಗೆ 8.5 ಸಿಗುವುದಾದರೆ ಅಲ್ಲಿಗೇ ಹೋಗಿ. 3 ಲಕ್ಷದ ಮೇಲೆ ಉಳಿಯುತ್ತದೆ. ಈಗ ಸಾಲ ಇರುವವರೂ ವರ್ಗಾಯಿಸಿಕೊಳ್ಳಬಹುದು, ನಾವು ದಂಡ ಹಾಕುವುದಿಲ್ಲ, ಯಾವತ್ತೂ ಹಾಕಿಲ್ಲ. ಸಾಲ ತೀರಿದ 30 ದಿನದೊಳಗೆ ಪತ್ರ ವಾಪಸ್ ಕೊಡಬೇಕು ಅನ್ನುವ ನಿಯಮ ಬ್ಯಾಂಕುಗಳಿಗೆ ಬಂದದ್ದು 2023ರ ಡಿಸೆಂಬರ್‌ನಲ್ಲಿ. ನಮ್ಮಲ್ಲಿ ಅದಕ್ಕೂ ಎಷ್ಟೋ ಮೊದಲಿಂದ ಅದೇ ವಾರ ಪತ್ರ ಕೈಗೆ ಬರುತ್ತದೆ, ಈ ಮಾತು ನಿಮಗೆ ಗೊತ್ತೇ ಇದೆ.

"ಶೇ 6 ಫ್ಲ್ಯಾಟ್" ಎಂಬ ಬೋರ್ಡು ನೋಡಿ ಹೋಗುವವರು ಮಾತ್ರ ಸ್ವಲ್ಪ ನಿಲ್ಲಿ. ಫ್ಲ್ಯಾಟ್ ಎಂದರೆ ಅಸಲು ಎಷ್ಟು ಇಳಿದರೂ ಪೂರ್ತಿ 20 ಲಕ್ಷಕ್ಕೇ ಕೊನೆಯವರೆಗೆ ಬಡ್ಡಿ. 15 ವರ್ಷಕ್ಕೆ ಕಂತು 21,111 ಬರುತ್ತದೆ. ನಮ್ಮ ಶೇ 10ರ ಕಂತಿಗೂ ಅದಕ್ಕೂ ನಾಲ್ಕು ನೂರು ರೂಪಾಯಿಯೂ ವ್ಯತ್ಯಾಸ ಇಲ್ಲ.

ಈಗ, ಏರಿದ ಕಂತು ಕಟ್ಟಲು ಆಗದವರ ವಿಷಯ. ಹೆದರಬೇಡಿ. ತಿಂಗಳ ಕಂತು ಹಳೆಯದೇ ಇರಲಿ, ವ್ಯತ್ಯಾಸದ ದುಡ್ಡನ್ನು ಅಡಿಕೆ ಮಾರಿದಾಗ ಒಟ್ಟಿಗೆ ಕಟ್ಟುತ್ತೇನೆ ಎಂದು ಬರೆದುಕೊಟ್ಟರೆ ಸಾಕು. ಮೇಲೆ ಹೇಳಿದ ಸದಸ್ಯರಿಗೆ ಅದು ವರ್ಷಕ್ಕೆ 24,720 ಆಗುತ್ತದೆ. ತಡವಾದ ತಿಂಗಳುಗಳ ಬಡ್ಡಿ ಬಿಟ್ಟರೆ ಬೇರೆ ದಂಡ ಇಲ್ಲ. ತೋಟ ಪೂರ್ತಿ ಹೋದವರು, ಮನೆಯಲ್ಲಿ ಕಾಯಿಲೆ ಇರುವವರು ಅವಧಿಯನ್ನೇ ಉದ್ದ ಮಾಡಿಕೊಳ್ಳಬಹುದು. ಆದರೆ ಅದರಿಂದ ಒಟ್ಟು ಎಷ್ಟು ಜಾಸ್ತಿ ಆಗುತ್ತದೆ ಎಂಬ ಹಾಳೆಗೆ ಸಹಿ ಹಾಕಬೇಕು. ಗೊತ್ತಿದ್ದೇ ಒಪ್ಪಿಕೊಳ್ಳಲಿ ಅಂತ, ಅಷ್ಟೇ.

ಕೈಯಲ್ಲಿ ದುಡ್ಡು ಇರುವವರಿಗೆ ಒಂದು ಮಾತು. ಅಡಿಕೆ ದುಡ್ಡು ಬಂದಾಗ ಅದೇ ಸದಸ್ಯರು ಈ ಏಪ್ರಿಲ್‌ನಲ್ಲಿ 1 ಲಕ್ಷ ಅಸಲಿಗೆ ಕಟ್ಟಿದರೆ ಕೊನೆಯಲ್ಲಿ 20 ತಿಂಗಳ ಕಂತು ಇಲ್ಲವಾಗುತ್ತದೆ. ಆ ಒಂದು ಲಕ್ಷ ಕಳೆದರೂ 3 ಲಕ್ಷ ಉಳಿಯುತ್ತದೆ. ಹತ್ತು ವರ್ಷ ಬಿಟ್ಟು ಕಟ್ಟಿದರೆ ಇಷ್ಟು ಉಳಿಯುವುದಿಲ್ಲ. ತೆರಿಗೆ ಉಳಿಯುತ್ತದೆ ಅಂತ ಸಾಲ ಇಟ್ಟುಕೊಂಡಿರುವ ನೌಕರರೂ ಇದನ್ನು ಯೋಚಿಸಿ. ಆದಾಯ ತೆರಿಗೆಯ ಹಳೇ ಪದ್ಧತಿಯಲ್ಲಿ ವಾಸದ ಮನೆಯ ಸಾಲದ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ರಿಯಾಯಿತಿ ಇದೆ, ಹೊಸ ಪದ್ಧತಿಯಲ್ಲಿ ಅದೂ ಇಲ್ಲ. ಅಸಲಿಗೆ ಕಟ್ಟುವಾಗ ಚಲನ್ ಮೇಲೆ "ಅಸಲಿಗೆ" ಎಂದು ಬರೆಯಿರಿ. ಬರೆಯದಿದ್ದರೆ ಅದು ಮುಂದಿನ ಕಂತುಗಳ ಮುಂಗಡ ಎಂದು ಜಮಾ ಆಗಿ, ಲಾಭ ಸಿಗುವುದಿಲ್ಲ.

ಮಾರ್ಚ್ 10ರೊಳಗೆ ಪ್ರತಿ ಸಾಲಗಾರರಿಗೂ ಒಂದು ಹಾಳೆ ಅಂಚೆಯಲ್ಲಿ ಬರುತ್ತದೆ. ಇವತ್ತಿನ ಬಾಕಿ, ಇಲ್ಲಿಯವರೆಗೆ ಕಟ್ಟಿದ ಬಡ್ಡಿ, ಕಟ್ಟಿದ ಅಸಲು, ಹೊಸ ಕಂತು, ಕೊನೆಯ ಕಂತಿನ ತಿಂಗಳು, ಅಲ್ಲಿಯವರೆಗೆ ಒಟ್ಟು ಕಟ್ಟಬೇಕಾದ ದುಡ್ಡು ಎಲ್ಲ ಅದರಲ್ಲಿರುತ್ತದೆ. ಅದನ್ನೂ ಪಾಸ್‌ಬುಕ್ಕನ್ನೂ ತೆಗೆದುಕೊಂಡು ಬನ್ನಿ. ಸಾಧ್ಯವಾದರೆ ಮನೆಯವರನ್ನೂ ಕರೆದುಕೊಂಡು ಬನ್ನಿ, ಯಾಕೆಂದರೆ ಕಂತು ಹೊಂದಿಸುವವರು ಎಷ್ಟೋ ಮನೆಗಳಲ್ಲಿ ಅವರೇ. ಮಾರ್ಚ್ ಪೂರ್ತಿ ಮಧ್ಯಾಹ್ನ 3ರಿಂದ 5ರವರೆಗೆ ಮ್ಯಾನೇಜರ್ ಬೇರೆ ಯಾವ ಕೆಲಸವನ್ನೂ ಇಟ್ಟುಕೊಳ್ಳದೆ ಇದಕ್ಕೇ ಕೂತಿರುತ್ತಾರೆ. ಕೂತು, ನಿಮ್ಮ ಸಾಲದ ಲೆಕ್ಕ ನಿಮ್ಮ ಎದುರೇ ಹಾಕಿ ತೋರಿಸುತ್ತೇವೆ. ಒಪ್ಪಿಗೆ ಆಗದಿದ್ದರೆ ಅಲ್ಲೇ ಜಗಳ ಮಾಡಿ, ಕೇಳಿಸಿಕೊಳ್ಳುತ್ತೇವೆ. ಆದರೆ ಕೌಂಟರಿನ ಹುಡುಗಿಯರನ್ನು ಬೈಯಬೇಡಿ.

ಇಂತಿ ನಿಮ್ಮ,
ಕಾರ್ಯದರ್ಶಿ
(ಆಡಳಿತ ಮಂಡಳಿಯ ಪರವಾಗಿ)
ಸಾಗರ