ದತ್ತು ವಿಷಯ ಹೇಳಲು ಹದಿನೆಂಟರವರೆಗೆ ಕಾಯಬೇಡಿ

ಸಂಪಾದಕರೇ,

ಭಾನುವಾರದ ಸಂಚಿಕೆಯ ಆಪ್ತಸಲಹೆ ಅಂಕಣದಲ್ಲಿ ಒಬ್ಬ ದಂಪತಿಯ ಪ್ರಶ್ನೆ ಓದಿದೆ. ಅವರ ಮಗಳಿಗೆ ಈಗ ಐದು ವರ್ಷ. ಎಳೆಗೂಸಾಗಿದ್ದಾಗ ದತ್ತು ತೆಗೆದುಕೊಂಡದ್ದು. ಈ ವಿಷಯ ಅವಳಿಗೆ ಯಾವಾಗ ಹೇಳಬೇಕು ಎಂಬುದು ಅವರ ಚಿಂತೆ. ‘ಹದಿನೆಂಟು ತುಂಬಲಿ, ಮನಸ್ಸು ಗಟ್ಟಿಯಾಗಿರುತ್ತದೆ, ಆಗ ಕೂರಿಸಿಕೊಂಡು ಹೇಳಿ’ ಎಂದು ಉತ್ತರ ಬಂದಿದೆ. ಮಗುವಿಗೆ ನೋವಾಗಬಾರದು ಎಂಬ ಕಾಳಜಿಯಿಂದಲೇ ಹಾಗೆ ಬರೆದಿದ್ದಾರೆ. ಆದರೂ ಈ ಸಲಹೆ ತಪ್ಪು ಎಂದು ಹೇಳದೆ ನನಗೆ ಇರಲು ಆಗುತ್ತಿಲ್ಲ.

ನನಗೆ ಇಬ್ಬರು ಮಕ್ಕಳು. ಇಬ್ಬರೂ ದತ್ತು ಬಂದವರು. ಮಗಳು ಬಂದಾಗ ಮೂರು ತಿಂಗಳ ಕೂಸು, ಈಗ ಹದಿನೈದು. ಮಗ ಬಂದಾಗ ಅವನಿಗೆ ನಾಲ್ಕು ತುಂಬಿತ್ತು, ಈಗ ಹನ್ನೊಂದು. ಈ ಪತ್ರವನ್ನು ಇಬ್ಬರಿಗೂ ಓದಿ ಹೇಳಿದ್ದೇನೆ. ಮಗ ತನ್ನ ಬಗ್ಗೆ ಬರೆದ ಒಂದು ಮಾತು ಬೇಡ ಎಂದ, ತೆಗೆದುಹಾಕಿದೆ. ಉಳಿದದ್ದನ್ನು ಅವರ ಒಪ್ಪಿಗೆ ಪಡೆದೇ ಕಳಿಸುತ್ತಿದ್ದೇನೆ.

ಮಗಳು ತೊಟ್ಟಿಲಲ್ಲಿದ್ದಾಗಿನಿಂದ ನಾವು ಹೇಳುತ್ತಾ ಬಂದೆವು. ಆಗ ಅವಳಿಗೆ ಏನೂ ಅರ್ಥವಾಗುತ್ತಿರಲಿಲ್ಲ, ನಮ್ಮ ನಾಲಿಗೆಗೆ ರೂಢಿಯಾಗಲಿ ಅಂತ. ‘ನೀನು ಬೇರೊಬ್ಬ ಅಮ್ಮನ ಹೊಟ್ಟೆಯಲ್ಲಿದ್ದೆ, ಆಮೇಲೆ ನಮ್ಮ ಹತ್ತಿರ ಬಂದೆ.’ ಇಷ್ಟೇ. ನಾಲ್ಕು ವರ್ಷ ಆಗುವಷ್ಟರಲ್ಲಿ ಮನೆಗೆ ಬಂದವರಿಗೆಲ್ಲ ಇದನ್ನು ಪದ್ಯ ಒಪ್ಪಿಸಿದ ಹಾಗೆ ಹೇಳುತ್ತಿದ್ದಳು. ‘ಎಷ್ಟು ಸಲೀಸಾಗಿ ತೆಗೆದುಕೊಂಡಿದ್ದಾಳೆ!’ ಎಂದು ಬಂದವರು ಮೆಚ್ಚುತ್ತಿದ್ದರು. ನಿಜ ಹೇಳಬೇಕೆಂದರೆ ಅವಳಿಗೆ ಮಾತು ಮಾತ್ರ ಗೊತ್ತಿತ್ತು. ಅಮೆರಿಕದ ಮನಶ್ಶಾಸ್ತ್ರಜ್ಞ ಡೇವಿಡ್ ಬ್ರಾಡ್‌ಜಿನ್‌ಸ್ಕಿ 1980ರ ದಶಕದಲ್ಲಿ ಬೇರೆ ಬೇರೆ ವಯಸ್ಸಿನ ಮಕ್ಕಳನ್ನೇ ಮಾತಾಡಿಸಿ ಇದನ್ನು ಕಂಡುಕೊಂಡಿದ್ದರು. ಶಾಲೆಗೆ ಹೋಗುವ ಮುಂಚಿನ ಮಕ್ಕಳು ತಮ್ಮ ದತ್ತು ಕಥೆಯನ್ನು ಚೆನ್ನಾಗಿಯೇ ಹೇಳುತ್ತಾರೆ. ಆದರೆ ಹುಟ್ಟಿ ಬಂದ ಮಗುವಿಗೂ ದತ್ತು ಬಂದ ಮಗುವಿಗೂ ಏನು ವ್ಯತ್ಯಾಸ ಎಂದು ಅವರಿಗೆ ಹೊಳೆದಿರುವುದಿಲ್ಲ. ಆರರ ಸುಮಾರಿಗೆ ಹೊಳೆಯುತ್ತದೆ. ಎಂಟು, ಹತ್ತು ವರ್ಷದ ಹೊತ್ತಿಗೆ ಮಗು ಇನ್ನೂ ಮುಂದೆ ಯೋಚಿಸುತ್ತದೆ. ನನಗೆ ಈ ಮನೆ ಸಿಗಬೇಕಾದರೆ ಮುಂಚೆ ಒಂದು ಮನೆ ಕೈತಪ್ಪಿರಬೇಕು ಅಲ್ವಾ?

ನಮ್ಮಲ್ಲಿ ಆ ಪ್ರಶ್ನೆ ಬಂದದ್ದು ಅವಳಿಗೆ ಎಂಟಾಗಿದ್ದಾಗ. ತಮ್ಮ ಬರುತ್ತಾನೆ ಎಂದು ಕೋಣೆಯಲ್ಲಿ ಮಂಚ ಸರಿಸುತ್ತಿದ್ದೆವು. ‘ಅವನ ಅಮ್ಮ ಅವನನ್ನು ಯಾಕೆ ಇಟ್ಟುಕೊಳ್ಳಲಿಲ್ಲ?’ ಎಂದಳು. ಸ್ವಲ್ಪ ಹೊತ್ತು ಬಿಟ್ಟು, ‘ನಾನು ಜಾಸ್ತಿ ಅಳ್ತಿದ್ನಾ? ಅದಕ್ಕೇ ಕೊಟ್ಟುಬಿಟ್ರಾ?’ ಎಂದಳು.

ಮಕ್ಕಳು ಯೋಚಿಸುವುದೇ ಹೀಗೆ. ದೊಡ್ಡವರ ಬಡತನ, ಭಯ, ಕಾಯಿಲೆ, ಒಂಟಿತನ ಇದೆಲ್ಲ ಎಂಟು ವರ್ಷದ ಮಗುವಿಗೆ ಕಾಣುವುದಿಲ್ಲ. ತಪ್ಪು ತನ್ನದೇ ಇರಬೇಕು ಎಂದುಕೊಳ್ಳುತ್ತದೆ. ಅವತ್ತು ನಾನು ಮಂಚದ ಮೇಲೆ ಕೂತು ಹೇಳಿದೆ: ‘ಎಲ್ಲ ಕೂಸುಗಳೂ ಅಳುತ್ತವೆ. ಅಳು ಕೇಳಿ ಯಾರೂ ಮಗುವನ್ನು ಕೊಡುವುದಿಲ್ಲ. ನಿನ್ನ ಹೆತ್ತಮ್ಮನಿಗೆ ಆಗ ಯಾವ ಮಗುವನ್ನೂ ಸಾಕಲು ಆಗುತ್ತಿರಲಿಲ್ಲ. ನೀನಾಗಿರಲಿ, ಬೇರೆ ಯಾರೇ ಆಗಿರಲಿ.’ ಆಮೇಲಿನ ಕೆಲವು ತಿಂಗಳು ಅವಳು ಮಂಕಾಗಿದ್ದಳು. ಸಣ್ಣದಕ್ಕೂ ಸಿಡುಕುತ್ತಿದ್ದಳು. ‘ನೋಡಿದ್ಯಾ, ಹೇಳಿದ್ದಕ್ಕೇ ಹೀಗಾಯ್ತು’ ಎಂದು ನೆಂಟರು ನನ್ನನ್ನೇ ದೂರಿದರು.

ಇಲ್ಲೇ ಬಹಳ ಜನ ಎಡವುತ್ತಾರೆ. ಆ ದುಃಖ ಬಂದದ್ದು ಅವಳ ಬುದ್ಧಿ ಬೆಳೆದದ್ದರಿಂದ. ಕಳೆದುಕೊಂಡದ್ದು ನಿಜ, ಅದು ಅರ್ಥವಾದಾಗ ಅಳು ಬರುವುದೂ ನಿಜ. ಎಂಟಕ್ಕೆ ಆ ಅಳು ಬಂದರೆ ಪಕ್ಕದಲ್ಲಿ ಕೂರಲು ಅಪ್ಪ ಅಮ್ಮ ಇರುತ್ತೇವೆ. ಹದಿನೆಂಟಕ್ಕೆ ಬಂದರೆ ಅದರ ಜೊತೆಗೆ ‘ಇಷ್ಟು ವರ್ಷ ಎಲ್ಲರಿಗೂ ಗೊತ್ತಿತ್ತು, ನನಗೊಬ್ಬಳಿಗೇ ಗೊತ್ತಿರಲಿಲ್ಲ’ ಎಂಬುದೂ ಸೇರಿಕೊಳ್ಳುತ್ತದೆ. ಆಗ ಅವಳು ನೆನಪುಗಳನ್ನೆಲ್ಲ ತಿರುಗಿ ತಡಕುತ್ತಾಳೆ. ಯಾವುದು ನಿಜ, ಯಾವುದು ಸುಳ್ಳು? ಸಂತೈಸಬೇಕಾದವರ ಮೇಲೇ ನಂಬಿಕೆ ಹೋಗಿರುತ್ತದೆ. ತಾವು ದತ್ತು ಎಂದು ಬೇರೆ ಬೇರೆ ವಯಸ್ಸಿನಲ್ಲಿ ತಿಳಿದವರ ಬಗ್ಗೆ ಅಮೆರಿಕದಲ್ಲಿ ಅಮಾಂಡಾ ಬೇಡನ್ ಮತ್ತು ಜೊತೆಗಾರರು 2019ರಲ್ಲಿ ಪ್ರಕಟಿಸಿದ ಅಧ್ಯಯನವಿದೆ. ವಿಷಯ ತಿಳಿದ ವಯಸ್ಸು ಹೆಚ್ಚಾದಷ್ಟೂ ಮನಸ್ಸಿನ ಸಂಕಟವೂ ಹೆಚ್ಚು ಎಂದು ಅದರಲ್ಲಿ ಕಂಡುಬಂತು. ಮೂರು ವರ್ಷದೊಳಗೇ ತಿಳಿದವರು ಉಳಿದವರಿಗಿಂತ ನೆಮ್ಮದಿಯಾಗಿದ್ದರು.

‘ಐಡೆಂಟಿಟಿ ಕ್ರೈಸಿಸ್’ ಎಂಬ ಮಾತು ಈಗ ಎಲ್ಲರ ಬಾಯಲ್ಲೂ ಇದೆ. ಅದನ್ನು ಬಳಕೆಗೆ ತಂದ ಮನಶ್ಶಾಸ್ತ್ರಜ್ಞ ಎರಿಕ್ ಎರಿಕ್‌ಸನ್ 1902ರಲ್ಲಿ ಹುಟ್ಟಿದವರು. ಸಾಕಿದ ಮಲತಂದೆಯೇ ಹೆತ್ತ ತಂದೆ ಎಂದು ಅವರನ್ನು ನಂಬಿಸಿ ಬೆಳೆಸಿದ್ದರು. ಹೆತ್ತ ತಂದೆ ಯಾರೆಂದು ಅವರಿಗೆ ಕೊನೆಗೂ ತಿಳಿಯಲಿಲ್ಲ. ‘ನಾನು ಯಾರು’ ಎಂಬ ಪ್ರಶ್ನೆಯನ್ನೇ ಅವರು ಜೀವನವಿಡೀ ಹಿಡಿದು ಕೂತರು ಎಂಬುದು ನನಗಂತೂ ಆಶ್ಚರ್ಯ ಅನಿಸುವುದಿಲ್ಲ.

ಮಗನ ಕಥೆ ಬೇರೆ. ಅವನಿಗೆ ಹೇಳಬೇಕಾದದ್ದೇನೂ ಇರಲಿಲ್ಲ, ಎಲ್ಲ ನೆನಪಿತ್ತು. ಬಂದ ಹೊಸದರಲ್ಲಿ ಯಾರು ಕರೆದರೂ ಹೋಗಿಬಿಡುತ್ತಿದ್ದ. ಗುರುತಿಲ್ಲದ ಹೆಂಗಸರ ಕೈ ಹಿಡಿದು ‘ಅಮ್ಮ’ ಎನ್ನುತ್ತಿದ್ದ. ‘ಎಷ್ಟು ಬೇಗ ಹೊಂದಿಕೊಳ್ತಾನೆ!’ ಎಂದು ಜನಕ್ಕೆ ಖುಷಿ. ನನಗೆ ಹೆದರಿಕೆ. ಯಾಕೆಂದರೆ ಬಿದ್ದು ಮಂಡಿ ಒಡೆದುಕೊಂಡರೆ ನನ್ನ ಹತ್ತಿರ ಬರುತ್ತಿರಲಿಲ್ಲ. ಅಳುತ್ತಲೂ ಇರಲಿಲ್ಲ. ಗೋಡೆ ಕಡೆ ಮುಖ ಮಾಡಿ ನಿಲ್ಲುತ್ತಿದ್ದ. ಅನ್ನ ಬೇಕಾದಷ್ಟಿದ್ದರೂ ದಿಂಬಿನ ಕೆಳಗೆ ತಿಂಡಿ ಬಚ್ಚಿಡುತ್ತಿದ್ದ. ಒಂದು ಸಲ ಬೇಕೆಂದೇ ಲೋಟ ಒಡೆದು, ನನ್ನ ಮುಖ ನೋಡುತ್ತಾ ‘ಈಗ ವಾಪಸ್ ಕಳಿಸ್ತೀರಾ?’ ಎಂದ.

ಆಶ್ರಮಗಳಲ್ಲಿ ನೋಡಿಕೊಳ್ಳುವವರು ಪಾಳಿಯ ಮೇಲೆ ಬದಲಾಗುತ್ತಾರೆ. ಎಷ್ಟೇ ಒಳ್ಳೆಯವರಿದ್ದರೂ ಮಗುವಿಗೆ ‘ಇವರೇ ನನ್ನವರು’ ಎಂದು ಒಬ್ಬರನ್ನು ಹಿಡಿದುಕೊಳ್ಳಲು ಆಗುವುದಿಲ್ಲ. ರೊಮೇನಿಯಾದಿಂದ, ಹೆಚ್ಚಿನವರು ತೀರಾ ಕೆಟ್ಟ ಸ್ಥಿತಿಯಲ್ಲಿದ್ದ ಅಲ್ಲಿನ ಅನಾಥಾಲಯಗಳಿಂದ, 1990ರ ದಶಕದ ಆರಂಭದಲ್ಲಿ ಬ್ರಿಟನ್ನಿಗೆ ದತ್ತು ಹೋದ 165 ಮಕ್ಕಳನ್ನು ಅಲ್ಲಿನ ಮನೋವೈದ್ಯ ಮೈಕೆಲ್ ರಟರ್ ಮತ್ತು ಜೊತೆಗಾರರು ದೊಡ್ಡವರಾಗುವ ತನಕ ಗಮನಿಸುತ್ತಾ ಬಂದರು. ಆ ಕೆಟ್ಟ ಸ್ಥಿತಿಯಲ್ಲಿ ಆರು ತಿಂಗಳಿಗಿಂತ ಕಡಿಮೆ ಇದ್ದವರು ಬ್ರಿಟನ್ನಿನೊಳಗೇ ದತ್ತಾದ ಮಕ್ಕಳ ಹಾಗೆಯೇ ಬೆಳೆದರು. ಅದಕ್ಕಿಂತ ಜಾಸ್ತಿ ಇದ್ದವರಲ್ಲಿ ಹಲವರಿಗೆ ಗುರುತಿಲ್ಲದವರ ಜೊತೆ ಹೋಗಿಬಿಡುವುದು, ಗಮನ ನಿಲ್ಲದಿರುವುದು ದೊಡ್ಡವರಾದ ಮೇಲೂ ಉಳಿಯಿತು. ಆದರೆ ಅವರಲ್ಲೂ ಐದರಲ್ಲಿ ಒಂದು ಪಾಲಿನಷ್ಟು ಮಂದಿಗೆ ಯಾವ ತೊಂದರೆಯೂ ಕಾಣಲಿಲ್ಲ. ಮಗ ಬಂದ ಹೊಸದರಲ್ಲಿ ಈ ಕೊನೆಯ ಮಾತನ್ನು ನಾನು ಮತ್ತೆ ಮತ್ತೆ ಓದುತ್ತಿದ್ದೆ. ಅವನು ಇದ್ದ ಜಾಗ ಅಷ್ಟು ಕೆಟ್ಟದ್ದೇನೂ ಆಗಿರಲಿಲ್ಲ, ಆದರೂ.

ಅವನಿಗೆ ನಾವು ಮಾಡಿದ್ದು ತುಂಬಾ ಸಾದಾ ಕೆಲಸ. ದಿನಾ ಅದೇ ಹೊತ್ತಿಗೆ ಊಟ, ಅದೇ ಹೊತ್ತಿಗೆ ನಿದ್ದೆ. ತಿಂಡಿ ಡಬ್ಬಿ ಅವನ ಕೈಗೆ ಎಟುಕುವ ಕಡೆ. ಎತ್ತಿಕೊಳ್ಳುವುದು, ಸ್ನಾನ ಮಾಡಿಸುವುದು, ಮಲಗಿಸುವುದು ಎಲ್ಲ ನಾನು ಇಲ್ಲವೇ ನಮ್ಮ ಯಜಮಾನರು ಮಾತ್ರ. ಅಜ್ಜಿಗೆ ಇದರಿಂದ ಬೇಜಾರಾಯಿತು, ಆದರೂ ಒಪ್ಪಿಕೊಂಡರು. ಕಳಿಸ್ತೀರಾ ಎಂದು ಕೇಳಿದಾಗಲೆಲ್ಲ ‘ಇಲ್ಲ’ ಎಂಬ ಒಂದೇ ಉತ್ತರ. ನನಗೂ ಅವನ ಮೇಲೆ ಮೊದಲ ದಿನವೇ ಪ್ರೀತಿ ಉಕ್ಕಿ ಬರಲಿಲ್ಲ. ದಣಿವೇ ಜಾಸ್ತಿ ಇತ್ತು. ಇದನ್ನೂ ಬಾಯಿಬಿಟ್ಟು ಹೇಳಬೇಕು. ಎಷ್ಟೋ ದತ್ತು ತಾಯಂದಿರು ‘ಬೇಡಿ ಪಡೆದ ಮಗು, ಈಗ ಅಳ್ತೀಯಾ?’ ಎಂಬ ಮಾತಿಗೆ ಹೆದರಿ ಒಳಗೊಳಗೇ ಕುಗ್ಗುತ್ತಾರೆ. ಒಂದು ದಿನ ಮಗ ಬಾಗಿಲಲ್ಲಿ ಬೆರಳು ಸಿಕ್ಕಿಸಿಕೊಂಡು ಕಿರುಚುತ್ತಾ ನನ್ನ ಹತ್ತಿರವೇ ಓಡಿಬಂದ. ಬೆರಳು ಊದಿತ್ತು. ನನಗೆ ಮಾತ್ರ ಕುಣಿಯುವಷ್ಟು ಸಂತೋಷ.

ಇನ್ನೊಂದು ಮಾತು ನೆಂಟರಿಗೆ, ಪರಿಚಯದವರಿಗೆ. ‘ಎಂಥಾ ಪುಣ್ಯವಂತ ಮಗು, ನಿಮ್ಮಂಥವರು ಸಿಕ್ಕರು’ ಎಂದು ದಯವಿಟ್ಟು ಮಕ್ಕಳೆದುರು ಹೇಳಬೇಡಿ. ನೀವು ಹೊಗಳಿಕೆ ಎಂದುಕೊಳ್ಳುತ್ತೀರಿ, ಮಗುವಿಗೆ ಅದು ಸಾಲದ ಹಾಗೆ ಕೇಳಿಸುತ್ತದೆ. ಅಪ್ಪ ಅಮ್ಮನ ಮೇಲೆ ಸಿಟ್ಟು ಮಾಡಿಕೊಳ್ಳುವುದು, ಎದುರು ಮಾತಾಡುವುದು ಎಲ್ಲ ಮಕ್ಕಳ ಹಕ್ಕು. ಋಣ ಹೊತ್ತ ಮಗುವಿಗೆ ಆ ಧೈರ್ಯ ಇರುವುದಿಲ್ಲ. ಹೆತ್ತಮ್ಮನ ಬಗ್ಗೆ ಕೇಳಿದರೆ ನಮಗೆ ನೋವಾದೀತೆಂದು ಬಾಯಿ ಮುಚ್ಚಿಕೊಳ್ಳುತ್ತದೆ. ನನ್ನ ಮಗಳು ಆ ಹೆಂಗಸಿನ ಮೂಗು ತನ್ನ ಹಾಗೇ ಇರಬಹುದಾ ಎಂದು ಕನ್ನಡಿ ಮುಂದೆ ನಿಂತು ಕೇಳುತ್ತಾಳೆ. ಇರಬಹುದು ಎನ್ನುತ್ತೇನೆ. ಅದರಿಂದ ನನ್ನ ತಾಯ್ತನಕ್ಕೆ ಏನೂ ಕಡಿಮೆಯಾಗಿಲ್ಲ.

ದತ್ತು ಮಕ್ಕಳೆಂದರೆ ಸಮಸ್ಯೆಯ ಮಕ್ಕಳು ಎಂದೂ ಯಾರೂ ತಿಳಿಯಬಾರದು. ನೆದರ್‌ಲ್ಯಾಂಡ್ಸಿನ ಫೆಮ್ಮಿ ಯುಫರ್ ಮತ್ತು ಮರಿನಸ್ ವಾನ್ ಐಜೆಂಡೋರ್ನ್ 2007ರಲ್ಲಿ ಹಲವು ಅಧ್ಯಯನಗಳನ್ನು ಒಟ್ಟುಗೂಡಿಸಿ ನೋಡಿದಾಗ ದತ್ತು ಬಂದವರ ಆತ್ಮಗೌರವ ಉಳಿದವರಿಗಿಂತ ಕಡಿಮೆ ಇರಲಿಲ್ಲ.

ಆ ದಂಪತಿಗೆ ನನ್ನ ಮಾತು ಇಷ್ಟು. ಈ ವಾರವೇ ಶುರುಮಾಡಿ. ಮುಹೂರ್ತ ಇಟ್ಟು, ಮುಖ ಗಂಭೀರ ಮಾಡಿಕೊಂಡು ಹೇಳಬೇಡಿ. ಅವಳು ಬಂದ ದಿನದ ಫೋಟೊ ತೆಗೆದು, ಅವತ್ತು ಅವಳು ಹಾಕಿಕೊಂಡಿದ್ದ ಬಟ್ಟೆಯಿಂದ ಮಾತು ಆರಂಭಿಸಿ. ಹೆತ್ತವರನ್ನು ಕೆಟ್ಟವರೆನ್ನಬೇಡಿ, ದೇವರನ್ನಾಗಿಯೂ ಮಾಡಬೇಡಿ. ಗೊತ್ತಿಲ್ಲದ್ದಕ್ಕೆ ಕಥೆ ಕಟ್ಟದೆ ‘ಅದು ನಮಗೂ ಗೊತ್ತಿಲ್ಲ’ ಎನ್ನಿ. ಅವಳು ಕೇಳಿಸಿಕೊಂಡು ಆಟಕ್ಕೆ ಓಡಿಹೋದರೆ ಹೋಗಲಿ ಬಿಡಿ. ಮುಂದಿನ ತಿಂಗಳು ನೀವೇ ಇನ್ನೊಂದು ಸಲ ಆ ಮಾತು ಎತ್ತಿ. ಎಂಟು ವರ್ಷಕ್ಕೆ ಅಳುತ್ತಾ ಬಂದರೆ, ಹದಿಮೂರಕ್ಕೆ ಸಿಟ್ಟಿನಿಂದ ಬಂದರೆ ಆಗಲೂ ಮಾತಾಡಿ. ದತ್ತಿನ ಕಾಗದಪತ್ರ, ಆಗಿನ ವೈದ್ಯರ ಚೀಟಿ ಎಲ್ಲ ಜೋಪಾನವಾಗಿ ಒಂದು ಕಡೆ ಇಡಿ. ಅವು ಅವಳವು, ಕೇಳಿದ ದಿನ ಕೊಡಬೇಕು.

ಮಕ್ಕಳ ವಿಷಯ ಇರುವುದರಿಂದ ನನ್ನ ಹೆಸರು ಹಾಕಬೇಡಿ ಎಂದು ಕೋರುತ್ತೇನೆ.

— ಇಬ್ಬರು ಮಕ್ಕಳ ತಾಯಿ